ಕುರ್ದಿಶ್ ಸಿನಿಮಾ ಎಂದು ಯಾವುದನ್ನು ಕರೆಯಬೇಕು? ಕಾಝಿಮ್ ಓಝ್ ಅವರ ಚಿತ್ರಗಳ ಬಗ್ಗೆ ಒಂದು ಪ್ರಶ್ನೆ

ಪ್ರಶ್ನೆ: ಬಲದಂಡೆ ಕಾಲುವೆ

ಎಲ್ಲರಿಗೂ ನಮಸ್ಕಾರ.

ನಮ್ಮ ಊರಿನಲ್ಲಿ ಹನ್ನೆರಡು ಹದಿನೈದು ಮಂದಿ ತಿಂಗಳಿಗೊಮ್ಮೆ ಸೇರಿ ಒಂದು ಚಿತ್ರ ನೋಡಿ, ಆಮೇಲೆ ಕುಳಿತು ಅದರ ಬಗ್ಗೆ ಮಾತನಾಡುವ ರೂಢಿ ಕೆಲವು ವರ್ಷಗಳಿಂದ ನಡೆದುಕೊಂಡು ಬಂದಿದೆ. ಮುಂದಿನ ಮೂರು ತಿಂಗಳು ಕುರ್ದ್ ಜನರ ಬದುಕಿಗೆ ಸಂಬಂಧಿಸಿದ ಚಿತ್ರಗಳನ್ನು, ಅದರಲ್ಲೂ ಟರ್ಕಿಯ ಸ್ವತಂತ್ರ ನಿರ್ದೇಶಕ ಕಾಝಿಮ್ ಓಝ್ ಅವರ ಕೆಲಸವನ್ನು ನೋಡಬೇಕೆಂದುಕೊಂಡಿದ್ದೇವೆ. ಈ ಆಸಕ್ತಿ ಹುಟ್ಟಿದ್ದು ಅವರ 2014ರ ಸಾಕ್ಷ್ಯಚಿತ್ರ ‘ಹೆ ಬೂ ತುನೆ ಬೂ’ದಿಂದ. ಆಗ್ನೇಯ ಟರ್ಕಿಯ ಬಾತ್ಮಾನ್ ಕಡೆಯ ಒಂದು ಕುರ್ದ್ ಕುಟುಂಬ ಅಂಕಾರಾ ಬಳಿಯ ಹೊಲಗಳಿಗೆ ಹೋಗಿ, ಅಲ್ಲೇ ಡೇರೆ ಹಾಕಿಕೊಂಡು ಲೆಟ್ಯೂಸ್ ಸೊಪ್ಪು ಬೆಳೆಯುವ ಕೂಲಿ ಮಾಡುವುದನ್ನು ಅದು ಹಿಂಬಾಲಿಸುತ್ತದೆ. ನಮ್ಮ ಕಡೆಯವರಿಗೆ ಕತೆಯನ್ನು ಬಿಡಿಸಿ ಹೇಳುವ ಅಗತ್ಯವೇ ಬೀಳಲಿಲ್ಲ. ‘ಗುಳೆ ಹೋಗುತ್ತಾರೆ’ ಎಂದರೆ ಸಾಕಾಯಿತು. ಮನೆಗೆ ಬೀಗ ಹಾಕಿ, ಮಕ್ಕಳನ್ನು ಶಾಲೆ ಬಿಡಿಸಿ ಕರೆದುಕೊಂಡು ಹೋಗುವ ಕುಟುಂಬಗಳನ್ನು ನಾವು ಪ್ರತಿ ವರ್ಷ ಬಸ್‌ಸ್ಟ್ಯಾಂಡಿನಲ್ಲಿ ನೋಡುತ್ತೇವೆ.

ತೊಡಕು ಬಂದದ್ದು ಚರ್ಚೆಯಲ್ಲಿ. ನಮ್ಮ ಗುಂಪಿನ ಹಿರಿಯರೊಬ್ಬರು, ‘ಇದು ಯಾವ ದೇಶದ ಬಡವರ ಕತೆಯೂ ಆಗಬಹುದಲ್ಲ, ಇದರಲ್ಲಿ ಕುರ್ದ್ ಎನ್ನುವುದು ಎಲ್ಲಿದೆ?’ ಎಂದು ಕೇಳಿದರು. ನನ್ನಿಂದ ಉತ್ತರ ಹೊರಡಲಿಲ್ಲ. ದೇಶವೇ ಇಲ್ಲದ ಜನರ ಸಿನಿಮಾವನ್ನು ಯಾವುದರಿಂದ ಗುರುತಿಸುವುದು, ಭಾಷೆಯಿಂದಲೋ, ನಿರ್ದೇಶಕರ ಹುಟ್ಟಿನಿಂದಲೋ, ವಸ್ತುವಿನಿಂದಲೋ? ಓಝ್ ಅವರ ಚಿತ್ರಗಳನ್ನು ಯಾವ ಕ್ರಮದಲ್ಲಿ ತೋರಿಸಿದರೆ ಆ ಹಿರಿಯರ ಪ್ರಶ್ನೆಗೆ ನ್ಯಾಯ ಸಿಗುತ್ತದೆ? ತಿಳಿದವರು ದಯವಿಟ್ಟು ಬರೆಯಬೇಕು.

ಉತ್ತರ 1: ಸಂಕಲನದ ಮೇಜು

ನಿಮ್ಮ ಗುಂಪಿನ ಹಿರಿಯರು ಕೇಳಬೇಕಾದ ಪ್ರಶ್ನೆಯನ್ನೇ ಕೇಳಿದ್ದಾರೆ. ಅದಕ್ಕೆ ಉತ್ತರ ಆ ಒಂದು ಚಿತ್ರದೊಳಗೆ ಪೂರ್ತಿಯಾಗಿ ಸಿಗುವುದಿಲ್ಲ. ಓಝ್ ಅವರು ಅದಕ್ಕಿಂತ ಹದಿನೈದು ವರ್ಷ ಮೊದಲು ಮಾಡಿದ ಕಿರುಚಿತ್ರವೊಂದನ್ನು ಅದರ ಪಕ್ಕದಲ್ಲಿಟ್ಟು ನೋಡಿದಾಗ ಸಿಗುತ್ತದೆ ಎಂಬುದು ನನ್ನ ಅಭಿಪ್ರಾಯ. ಅಲ್ಲಿಗೆ ಬರುವ ಮುನ್ನ ಸ್ವಲ್ಪ ಹಿಂದಿನದನ್ನು ಹೇಳಬೇಕಾಗುತ್ತದೆ.

ಮೊದಲ ಮಹಾಯುದ್ಧದ ನಂತರ 1920ರ ಸೆವ್ರ್ ಒಪ್ಪಂದದಲ್ಲಿ ಕುರ್ದ್ ಜನರಿಗೆ ಸ್ವಂತ ನೆಲದ ಸಾಧ್ಯತೆಯೊಂದನ್ನು ತೋರಿಸಲಾಗಿತ್ತು. 1923ರ ಲೊಸಾನ್ ಒಪ್ಪಂದದಲ್ಲಿ ಅದರ ಸುದ್ದಿಯೇ ಇರಲಿಲ್ಲ. ಅಂದಿನಿಂದ ಅವರು ಮುಖ್ಯವಾಗಿ ಟರ್ಕಿ, ಇರಾನ್, ಇರಾಕ್, ಸಿರಿಯಾಗಳಲ್ಲಿ ಹಂಚಿಹೋಗಿದ್ದಾರೆ. ಹೀಗಾಗಿ ಕುರ್ದ್ ನಿರ್ದೇಶಕನೊಬ್ಬನ ಪಾಸ್‌ಪೋರ್ಟು, ಅವನ ಚಿತ್ರದ ಪ್ರಮಾಣಪತ್ರ, ಬಹಳ ಸಲ ಅವನಿಗೆ ಸಿಗುವ ಹಣ, ಎಲ್ಲವೂ ಬೇರೊಂದು ದೇಶದ ಹೆಸರಿನಲ್ಲಿರುತ್ತವೆ. ಚಿತ್ರೋತ್ಸವಗಳ ಪಟ್ಟಿಯಲ್ಲಿ ದೇಶದ ಅಂಕಣವನ್ನು ನೋಡಿ ಕುರ್ದಿಶ್ ಸಿನಿಮಾವನ್ನು ಹುಡುಕಲು ಹೊರಟರೆ ಅದು ಸಿಗುವುದೇ ಇಲ್ಲ.

ಯಿಲ್ಮಾಝ್ ಗ್ಯೂನೆ ಅವರನ್ನು ನೋಡಿ. ಕುರ್ದ್ ಮೂಲದವರಾದ, ಟರ್ಕಿಯ ಅತ್ಯಂತ ಜನಪ್ರಿಯ ನಟರಾಗಿದ್ದ ಅವರು ಜೈಲಿನಲ್ಲಿದ್ದುಕೊಂಡೇ ಚಿತ್ರಕತೆಗಳನ್ನು ಬರೆದು, ಹೊರಗಿದ್ದ ಗೆಳೆಯರಿಂದ ಚಿತ್ರೀಕರಣ ಮಾಡಿಸಿದರು. ರಜೆಯ ಮೇಲೆ ಊರಿಗೆ ಹೊರಟ ಐವರು ಕೈದಿಗಳ ಕತೆಯಾದ ‘ಯೋಲ್’ ಹೀಗೆ ಶೆರಿಫ್ ಗೋರೆನ್ ಅವರ ಕೈಯಲ್ಲಿ ಚಿತ್ರೀಕರಣಗೊಂಡಿತು. 1981ರಲ್ಲಿ ಟರ್ಕಿಯಿಂದ ತಪ್ಪಿಸಿಕೊಂಡು ಹೋದ ಗ್ಯೂನೆ ಯುರೋಪಿನಲ್ಲಿ ಕುಳಿತು ಅದನ್ನು ಸಂಕಲನ ಮಾಡಿದರು. 1982ರಲ್ಲಿ ಅದು ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿಯನ್ನು ಕೋಸ್ತಾ ಗಾವ್ರಾಸ್ ಅವರ ಚಿತ್ರದೊಂದಿಗೆ ಹಂಚಿಕೊಂಡಿತು. ಟರ್ಕಿಯ ಪ್ರೇಕ್ಷಕರು ಅದನ್ನು ಚಿತ್ರಮಂದಿರದಲ್ಲಿ ನೋಡಲು 1999ರವರೆಗೆ ಕಾಯಬೇಕಾಯಿತು. ಅದಕ್ಕೂ ಮೊದಲಿನ, 1978ರ ‘ಸುರು’ ಚಿತ್ರ ವಾಸ್ತವದಲ್ಲಿ ಕುರ್ದ್ ಜನರ ಚರಿತ್ರೆಯೇ ಆಗಿದ್ದರೂ ಅದರಲ್ಲಿ ಕುರ್ದಿಶ್ ಭಾಷೆಯನ್ನು ಬಳಸಲು ಆಗಲಿಲ್ಲ, ಬಳಸಿದ್ದರೆ ಕೆಲಸ ಮಾಡಿದವರೆಲ್ಲ ಜೈಲು ಸೇರುತ್ತಿದ್ದರು ಎಂಬ ಅರ್ಥದ ಮಾತನ್ನು ಗ್ಯೂನೆ ಹೇಳಿದ್ದರು. ತಮ್ಮವರ ಬಾಯಲ್ಲಿ ಪರಭಾಷೆಯನ್ನು ಆಡಿಸಿ ತಮ್ಮವರ ಕತೆ ಹೇಳಬೇಕಾದ ಆ ಸ್ಥಿತಿಯನ್ನು ನಾನು ಬರೀ ಸೆನ್ಸಾರ್ ಎಂಬ ಒಂದು ಪದದಲ್ಲಿ ಮುಗಿಸಲಾರೆ.

1983ರಲ್ಲಿ ಬಂದ 2932ನೇ ಸಂಖ್ಯೆಯ ಕಾನೂನು ಇದನ್ನು ಇನ್ನೂ ಬಿಗಿ ಮಾಡಿತು. ಆ ಕಾನೂನಿನಲ್ಲಿ ‘ಕುರ್ದಿಶ್’ ಎಂಬ ಪದವೇ ಇಲ್ಲ. ಟರ್ಕಿ ಮಾನ್ಯ ಮಾಡಿರುವ ದೇಶಗಳ ‘ಮೊದಲನೆಯ’ ಅಧಿಕೃತ ಭಾಷೆಗಳನ್ನು ಬಿಟ್ಟು ಬೇರೆ ಯಾವ ಭಾಷೆಯಲ್ಲೂ ವಿಚಾರಗಳನ್ನು ಪ್ರಕಟಿಸುವಂತಿಲ್ಲ ಎಂದು ಮಾತ್ರ ಅದು ಹೇಳಿತು. ‘ಮೊದಲನೆಯ’ ಎಂಬ ಆ ವಿಶೇಷಣವನ್ನು ಗಮನಿಸಬೇಕು. ಇರಾಕಿನಲ್ಲಿ ಕುರ್ದಿಶ್ ಭಾಷೆಗೆ ಎರಡನೆಯ ಸ್ಥಾನವಿದ್ದುದರಿಂದ ಆ ದಾರಿಯೂ ಮುಚ್ಚಿಹೋಯಿತು. ಟರ್ಕಿಯ ಪ್ರಜೆಗಳ ಮಾತೃಭಾಷೆ ಟರ್ಕಿಶ್ ಎಂದು ಅದೇ ಕಾನೂನಿನ ಮತ್ತೊಂದು ಕಲಮು ಸಾರಿತು. ತಾಯಿ ಯಾವ ನುಡಿಯಲ್ಲಿ ಲಾಲಿ ಹಾಡಿದಳೆಂಬುದನ್ನು ಸರ್ಕಾರ ನಿರ್ಧರಿಸಿದ ಹಾಗಾಯಿತು. 1991ರಲ್ಲಿ ಈ ಕಾನೂನು ರದ್ದಾಯಿತು. ಅದೇ ವರ್ಷ ಇಸ್ತಾನ್‌ಬುಲ್‌ನಲ್ಲಿ ಕುರ್ದ್ ಕಲಾವಿದರ ಮೆಸೊಪೊಟೇಮಿಯಾ ಸಾಂಸ್ಕೃತಿಕ ಕೇಂದ್ರ ಹುಟ್ಟಿಕೊಂಡಿತು.

ಕಾಝಿಮ್ ಓಝ್ ಬೆಳೆದದ್ದು ಈ ಕೇಂದ್ರದಲ್ಲಿ. 1973ರಲ್ಲಿ ಪೂರ್ವ ಟರ್ಕಿಯ ದೆರ್ಸಿಮ್‌ನಲ್ಲಿ ಹುಟ್ಟಿ, ಎಂಜಿನಿಯರಿಂಗ್ ಓದಲು ಇಸ್ತಾನ್‌ಬುಲ್‌ಗೆ ಬಂದವರು ಈ ಕೇಂದ್ರದ ರಂಗತಂಡದಲ್ಲಿ ನಟಿಸುತ್ತ, ಆಮೇಲೆ ಅದರ ಸಿನಿಮಾ ಬಳಗದಲ್ಲಿ ಕೆಲಸ ಮಾಡುತ್ತ ನಿರ್ದೇಶಕರಾದರು. ಸ್ಟುಡಿಯೊ ಇಲ್ಲ, ದೊಡ್ಡ ನಿರ್ಮಾಪಕರಿಲ್ಲ. ಇದ್ದದ್ದು ಒಂದೇ ಬಗೆಯ ಅನುಭವದಿಂದ ಬಂದ ಗೆಳೆಯರ ಗುಂಪು. 1999ರ ಅವರ ಕಿರುಚಿತ್ರ ‘ಆಖ್’, ಅಂದರೆ ನೆಲ. ಎಲ್ಲರೂ ಬಿಟ್ಟುಹೋದ ಹಳ್ಳಿಯಲ್ಲಿ ಒಬ್ಬ ಮುದುಕ ಮಾತ್ರ ಉಳಿದುಕೊಂಡಿದ್ದಾನೆ. ಅವರೆಲ್ಲ ಏಕೆ ಬಿಟ್ಟುಹೋದರು? 1990ರ ದಶಕದಲ್ಲಿ ಟರ್ಕಿಯ ಸೇನೆ ಮತ್ತು ಕುರ್ದ್ ಸಶಸ್ತ್ರ ಹೋರಾಟಗಾರರ ನಡುವಿನ ಯುದ್ಧದ ಕಾಲದಲ್ಲಿ 3,000ಕ್ಕೂ ಹೆಚ್ಚು ಹಳ್ಳಿ ಮತ್ತು ಹಟ್ಟಿಗಳು ಖಾಲಿಯಾದವು. ಸರ್ಕಾರದ ಲೆಕ್ಕದಲ್ಲೇ ಮೂರೂವರೆ ಲಕ್ಷಕ್ಕೂ ಹೆಚ್ಚು ಜನ ನೆಲೆ ಕಳೆದುಕೊಂಡರು. ಹೊಲ, ಕುರಿ, ಮನೆ ಬಿಟ್ಟು ಬಂದ ಈ ಕುಟುಂಬಗಳಲ್ಲಿ ಅನೇಕವು ಪಟ್ಟಣಗಳ ಅಂಚಿನಲ್ಲಿ ನೆಲೆಸಿದವು. ಬದುಕಲು ಬೇರೆ ದಾರಿಯಿಲ್ಲದೆ ಪಶ್ಚಿಮದ ಹೊಲಗಳಿಗೆ, ಹೇಝಲ್‌ನಟ್ ತೋಟಗಳಿಗೆ, ಹತ್ತಿ ಬಿಡಿಸಲು ಕೂಲಿಗೆ ಹೊರಟವು.

ಹಿರಿಯರಿಗೆ ಇದನ್ನೇ ಹೇಳಿ. ಅಂಕಾರಾದ ಹೊಲದಲ್ಲಿ ಲೆಟ್ಯೂಸ್ ನೆಡುತ್ತಿರುವವರು ಮತ್ತು ‘ಆಖ್’ ಚಿತ್ರದ ಖಾಲಿ ಹಳ್ಳಿಯಿಂದ ಹೊರಟುಹೋದವರು ಒಂದೇ ಚರಿತ್ರೆಗೆ ಸೇರಿದವರು. ‘ಆಖ್’ನಲ್ಲಿ ನೆಲವಿದೆ, ಜನರಿಲ್ಲ. ಲೆಟ್ಯೂಸ್ ಹೊಲದಲ್ಲಿ ಜನರಿದ್ದಾರೆ, ನೆಲ ಅವರದಲ್ಲ. ‘ಹೆ ಬೂ ತುನೆ ಬೂ’ ಎಂದರೆ ‘ಇತ್ತು, ಇರಲಿಲ್ಲ’. ನಮ್ಮ ಅಜ್ಜಿಯರ ‘ಒಂದಾನೊಂದು ಊರಿನಲ್ಲಿ’ ಇದ್ದ ಹಾಗೆ ಅವರು ಕತೆ ಶುರುಮಾಡುವ ಮಾತು ಅದು. ಕೂಲಿಯವರ ಕತೆಗೆ ಆ ಹೆಸರನ್ನಿಟ್ಟದ್ದು ಅಲಂಕಾರಕ್ಕೆಂದು ನನಗೆ ಅನ್ನಿಸುವುದಿಲ್ಲ.

ಉತ್ತರ 2: ಪಡುಗಡಲು

ಮೇಲಿನ ಉತ್ತರಕ್ಕೆ ನಾನು ಕಿವಿಯ ಕಡೆಯಿಂದ ಒಂದು ಮಾತು ಸೇರಿಸುತ್ತೇನೆ. ನಾನು ಮಂಗಳೂರಿನವಳು, ಮನೆಯಲ್ಲಿ ತುಳು, ನೆರೆಮನೆಯಲ್ಲಿ ಬ್ಯಾರಿ ಮತ್ತು ಕೊಂಕಣಿ, ಶಾಲೆಯಲ್ಲಿ ಕನ್ನಡ ಕೇಳುತ್ತ ಬೆಳೆದವಳು. ಯಾರು ಯಾರೊಡನೆ ಯಾವ ಭಾಷೆಯಲ್ಲಿ ಮಾತನಾಡುತ್ತಾರೆ, ಯಾವ ಗಳಿಗೆಯಲ್ಲಿ ಭಾಷೆ ಬದಲಿಸುತ್ತಾರೆ ಎಂಬುದರಿಂದಲೇ ಅಲ್ಲಿ ಎಷ್ಟೋ ವಿಷಯ ತಿಳಿದುಹೋಗುತ್ತದೆ. ಕುರ್ದ್ ಚಿತ್ರಗಳಲ್ಲೂ ಅರ್ಧ ಕತೆ ನಡೆಯುವುದು ಹೀಗೆಯೇ. ಆದರೆ ಇಂಗ್ಲಿಷ್ ಉಪಶೀರ್ಷಿಕೆ ಕುರ್ದಿಶ್ ಮಾತನ್ನೂ ಟರ್ಕಿಶ್ ಮಾತನ್ನೂ ಒಂದೇ ಬಿಳಿ ಅಕ್ಷರದಲ್ಲಿ ತೋರಿಸುವುದರಿಂದ ಆ ಅರ್ಧ ನಮಗೆ ಕಾಣಿಸುವುದಿಲ್ಲ. ನಿಮ್ಮ ಹಿರಿಯರಿಗೆ ಅದು ಯಾವ ದೇಶದ ಬಡವರ ಕತೆಯೂ ಆಗಬಹುದೆಂದು ತೋರಿದ್ದಕ್ಕೆ ಇದೂ ಒಂದು ಕಾರಣವಿರಬಹುದು.

ಎರಡು ಭಾಷೆಗಳನ್ನು ಬೇರೆಬೇರೆಯಾಗಿ ಕೇಳಿಸಿಕೊಳ್ಳುವುದನ್ನು ಕಲಿಯುವುದು ಕಷ್ಟವಲ್ಲ. ಕುರ್ದಿಶ್ ಇರಾನಿ ಶಾಖೆಯ ಭಾಷೆ, ಸಂಸ್ಕೃತಕ್ಕೆ ದೂರದ ನೆಂಟಸ್ತಿಕೆಯುಳ್ಳದ್ದು. ಟರ್ಕಿಶ್ ಪೂರ್ತಿ ಬೇರೆ ಕುಟುಂಬಕ್ಕೆ ಸೇರಿದ್ದು. ಟರ್ಕಿಯ ಹೆಚ್ಚಿನ ಕುರ್ದ್ ಜನರು ಆಡುವ ಕುರ್ದಿಶ್ ರೂಪವಾದ ಕುರ್ಮಾಂಜಿಯಲ್ಲಿ ಎಣಿಸುವಾಗ ‘ಯೆಕ್, ದು, ಸೇ, ಚಾರ್, ಪೇಂಜ್’ ಎನ್ನುತ್ತಾರೆ; ಏಳಕ್ಕೆ ‘ಹೆಫ್ತ್’, ಹತ್ತಕ್ಕೆ ‘ದೆಹ್’. ಟರ್ಕಿಶ್‌ನಲ್ಲಿ ಅದೇ ‘ಬಿರ್, ಇಕಿ, ಉಚ್, ದೋರ್ತ್, ಬೆಶ್’. ಹೌದು ಎನ್ನಲು ಕುರ್ಮಾಂಜಿಯಲ್ಲಿ ‘ಎರೇ’, ಇಲ್ಲ ಎನ್ನಲು ‘ನಾ’. ಟರ್ಕಿಶ್‌ನಲ್ಲಿ ‘ಎವೆತ್’, ‘ಹಾಯಿರ್’. ಚಿತ್ರಕ್ಕೆ ಮೊದಲು ಹತ್ತು ನಿಮಿಷ ತೆಗೆದುಕೊಂಡು ಇಷ್ಟನ್ನು ಎಲ್ಲರಿಗೂ ಹೇಳಿಕೊಡಿ. ಹೊಲದಲ್ಲಿ, ಶಾಲೆಯಲ್ಲಿ, ಪೊಲೀಸ್ ತಪಾಸಣೆಯ ಮುಂದೆ ಪಾತ್ರವೊಂದು ಒಂದು ಭಾಷೆಯಿಂದ ಇನ್ನೊಂದಕ್ಕೆ ಜಿಗಿದಾಗ ನಿಮ್ಮ ಪ್ರೇಕ್ಷಕರಿಗೆ ತಾನಾಗಿ ಗೊತ್ತಾಗುತ್ತದೆ.

ಕಿವಿಯನ್ನು ಹದಗೊಳಿಸಲು ಓಝ್ ಅವರದಲ್ಲದ ಒಂದು ಚಿತ್ರವನ್ನು ಮೊದಲು ತೋರಿಸುವುದು ಒಳ್ಳೆಯದು. ಒರ್ಹಾನ್ ಎಸ್ಕಿಕೊಯ್ ಮತ್ತು ಓಝ್ಗುರ್ ದೊಆನ್ ಸೇರಿ ಮಾಡಿದ ‘ಇಕಿ ದಿಲ್ ಬಿರ್ ಬಾವುಲ್’ ಎಂಬ ಸಾಕ್ಷ್ಯಚಿತ್ರದಲ್ಲಿ ಪಶ್ಚಿಮ ಟರ್ಕಿಯ ಯುವ ಶಿಕ್ಷಕನೊಬ್ಬ ಉರ್ಫಾ ಪ್ರಾಂತ್ಯದ ಕುರ್ದ್ ಹಳ್ಳಿಯ ಶಾಲೆಗೆ ಬರುತ್ತಾನೆ. ಅವನಿಗೆ ಕುರ್ದಿಶ್ ಬಾರದು, ಒಂದನೆಯ ತರಗತಿಯ ಮಕ್ಕಳಿಗೆ ಟರ್ಕಿಶ್ ಬಾರದು. ಕ್ಯಾಮೆರಾ ಒಂದು ಶಾಲಾ ವರ್ಷವಿಡೀ ಅವರೊಡನಿರುತ್ತದೆ. ಶಿಕ್ಷಕ ಕೆಟ್ಟವನಲ್ಲ, ಒಂಟಿತನದಲ್ಲಿ ತಾಯಿಗೆ ದೂರವಾಣಿ ಮಾಡಿ ದುಃಖ ಹೇಳಿಕೊಳ್ಳುವ ಹುಡುಗ. ಮಕ್ಕಳೂ ದಡ್ಡರಲ್ಲ. ತಾನು ಟರ್ಕ್ ಜನಾಂಗದವನೆಂದು ಹೇಳಿಕೊಳ್ಳುವುದೇ ಭಾಗ್ಯ ಎಂದು ಕೊನೆಯಾಗುವ ಪ್ರತಿಜ್ಞೆಯನ್ನು ಆ ಮಕ್ಕಳು ಅರ್ಥ ತಿಳಿಯದೆ ಕೂಗಿ ಹೇಳುವುದನ್ನು ನಾನು ಮರೆಯಲಾರೆ. ಪ್ರಾಥಮಿಕ ಶಾಲೆಗಳಲ್ಲಿ ಆ ಪ್ರತಿಜ್ಞೆಯನ್ನು 2013ರಲ್ಲಿ ಕೈಬಿಟ್ಟರು.

ಇನ್ನು ಕನ್ನಡ ಉಪಶೀರ್ಷಿಕೆಯನ್ನು ನೀವೇ ಬರೆಯುವ ಉದ್ದೇಶವಿದ್ದರೆ, ಕುರ್ದಿಶ್ ಮಾತಿಗೆ ಒಂದು ಬಣ್ಣ, ಟರ್ಕಿಶ್‌ಗೆ ಇನ್ನೊಂದು ಬಣ್ಣ ಇಟ್ಟುಕೊಳ್ಳಿ. ಟರ್ಕಿಶ್‌ಗೆ ಪುಸ್ತಕದ ಕನ್ನಡ, ಕುರ್ದಿಶ್‌ಗೆ ಹಳ್ಳಿಯ ಆಡುಮಾತು ಎಂದು ಮಾತ್ರ ಮಾಡಬೇಡಿ. ಹಾಗೆ ಮಾಡಿದರೆ ಒಂದು ಪೂರ್ಣ ಭಾಷೆಯನ್ನು ಮತ್ತೊಂದರ ಉಪಭಾಷೆಯೆಂದು ನಾವೇ ಒಪ್ಪಿಕೊಂಡ ಹಾಗಾಗುತ್ತದೆ.

ಉತ್ತರ 3: ಹಳೆಯ ಟಾಕೀಸು

ಮೇಲಿನ ಇಬ್ಬರ ಬರಹವನ್ನೂ ಓದಿ ಸಂತೋಷವಾಯಿತು. ಆದರೆ ಭಾಷೆಯೊಂದನ್ನೇ ಒರೆಗಲ್ಲು ಮಾಡುವುದಕ್ಕೆ ನನ್ನ ಒಪ್ಪಿಗೆಯಿಲ್ಲ. ತಾಯ್ನುಡಿಯನ್ನು ಕಳೆದುಕೊಂಡ ಕುರ್ದ್ ಜನರು ಲಕ್ಷಾಂತರ ಇದ್ದಾರೆ. ಅವರನ್ನು ಈ ಸಿನಿಮಾದಿಂದ ಹೊರಗಿಡುವುದು ಕಾನೂನು ಮಾಡಿದ ಗಾಯದ ಮೇಲೆ ಮತ್ತೊಂದು ಗಾಯ ಮಾಡಿದಂತೆ. ಓಝ್ ಹುಟ್ಟಿದ ದೆರ್ಸಿಮ್‌ನ ಹೆಚ್ಚಿನವರ ನುಡಿ ಕುರ್ಮಾಂಜಿಯಲ್ಲ, ಝಾಝಾಕಿ. ಯುನೆಸ್ಕೊ ಅದನ್ನು ಅಪಾಯದ ಅಂಚಿನಲ್ಲಿರುವ ಭಾಷೆಗಳ ಪಟ್ಟಿಯಲ್ಲಿ ಸೇರಿಸಿದೆ. ಅಲ್ಲಿನ ಜನ ಬಹುಪಾಲು ಅಲೆವಿ ಪಂಥದವರಾದ್ದರಿಂದ ಸುನ್ನಿ ಕುರ್ದ್ ಜನರ ನಡುವೆಯೂ ಅಲ್ಪಸಂಖ್ಯಾತರೇ. ಅಂಚಿನವರೊಳಗೂ ಇನ್ನೊಂದು ಅಂಚಿದೆ ಎಂಬ ಅರಿವು ಓಝ್ ಅವರಿಗೆ ಇರುವುದರಿಂದಲೇ ಅವರ ಕ್ಯಾಮೆರಾ ಹೋರಾಟದ ನಾಯಕರ ಕಡೆಗೆ ಮಾತ್ರ ತಿರುಗದೆ, ಮುನ್ಝುರ್ ಬೆಟ್ಟಗಳಿಗೆ ಕುರಿ ಹೊಡೆದುಕೊಂಡು ಹೋಗುವ ಶವಾಕ್ ಅಲೆಮಾರಿಗಳ ಕಡೆಗೂ (2009ರ ‘ದೆಮ್ಸಾಲಾ ದಾವಿ’) ತಿರುಗಿತು ಎಂದು ನಾನು ಭಾವಿಸುತ್ತೇನೆ.

ಭಾಷೆ ಕಳೆದುಹೋದದ್ದೇ ವಸ್ತುವಾಗಿರುವ ಅವರ ಚಿತ್ರ ‘ಝೇರ್’, 2017ರದ್ದು. ನ್ಯೂಯಾರ್ಕಿನಲ್ಲಿ ಸಂಗೀತ ಓದುತ್ತಿರುವ ಯುವಕನ ಅಜ್ಜಿ ಚಿಕಿತ್ಸೆಗಾಗಿ ಅಲ್ಲಿಗೆ ಬರುತ್ತಾಳೆ. ಆಕೆ ಗುನುಗುವ ಹಾಡಿನ ಅರ್ಥ ಅವನಿಗೆ ತಿಳಿಯದು. ಆ ಹಾಡನ್ನು ಹುಡುಕಿಕೊಂಡು ದೆರ್ಸಿಮ್‌ಗೆ ಹೋದವನಿಗೆ 1938ರಲ್ಲಿ ಟರ್ಕಿಯ ಸೇನೆ ಅಲ್ಲಿ ನಡೆಸಿದ ಹತ್ಯಾಕಾಂಡದಿಂದ ಬದುಕುಳಿದವಳು ತನ್ನ ಅಜ್ಜಿ ಎಂಬುದು ತಿಳಿಯುತ್ತದೆ. ಭಾಷೆ ಬಾರದ ಈ ಯುವಕ ಕುರ್ದ್ ಅಲ್ಲವೆಂದು ಯಾರು ಹೇಳಬಲ್ಲರು? ಈ ಚಿತ್ರದ ಕೆಲವು ದೃಶ್ಯಗಳನ್ನು ತೆಗೆಯಬೇಕೆಂದು ಟರ್ಕಿಯ ಸಂಸ್ಕೃತಿ ಸಚಿವಾಲಯ ಹೇಳಿದಾಗ, ಓಝ್ ಅವುಗಳನ್ನು ಕತ್ತರಿಸಿ ಹೊಲಿಗೆ ಕಾಣದಂತೆ ಮುಚ್ಚಲಿಲ್ಲ. ಇಸ್ತಾನ್‌ಬುಲ್ ಚಿತ್ರೋತ್ಸವದ ಪ್ರದರ್ಶನದಲ್ಲಿ ಆ ಜಾಗಗಳಲ್ಲಿ ತೆರೆ ಕಪ್ಪಾಯಿತು. ಸಚಿವಾಲಯ ಆಕ್ಷೇಪಿಸಿರುವುದರಿಂದ ಈ ದೃಶ್ಯವನ್ನು ನೀವು ನೋಡಲಾಗುವುದಿಲ್ಲ ಎಂಬ ಅರ್ಥದ ಬರಹ ಆ ಕಪ್ಪಿನ ಮೇಲೆ ಮೂಡಿತು.

ಟರ್ಕಿಯಲ್ಲಿ ಚಿತ್ರವನ್ನು ನೇರವಾಗಿ ನಿಷೇಧಿಸುವುದಕ್ಕಿಂತ ಕಾಗದಪತ್ರದ ಮೂಲಕ ತಡೆಯುವುದೇ ಈಚಿನ ರೀತಿ. 2015ರಲ್ಲಿ ಕುರ್ದ್ ಹೋರಾಟಗಾರರ ಶಿಬಿರಗಳನ್ನು ಕುರಿತ ‘ಬಾಕುರ್’ ಸಾಕ್ಷ್ಯಚಿತ್ರವನ್ನು ಅದೇ ಚಿತ್ರೋತ್ಸವದಲ್ಲಿ ತೋರಿಸಲು ಬಿಡದೆ ಹೋದದ್ದು ನೋಂದಣಿ ಪ್ರಮಾಣಪತ್ರ ಇಲ್ಲವೆಂಬ ಕಾರಣಕ್ಕೆ. ಅದನ್ನು ವಿರೋಧಿಸಿ ಇತರ ನಿರ್ದೇಶಕರು ತಮ್ಮ ಚಿತ್ರಗಳನ್ನು ಹಿಂತೆಗೆದುಕೊಂಡರು, ಸ್ಪರ್ಧೆಗಳೇ ರದ್ದಾದವು. ಅದರ ನಿರ್ದೇಶಕರಿಬ್ಬರಿಗೆ 2019ರಲ್ಲಿ ನಾಲ್ಕೂವರೆ ವರ್ಷಗಳ ಶಿಕ್ಷೆ ವಿಧಿಸಲಾಯಿತು. ಸ್ವತಂತ್ರ ಚಿತ್ರನಿರ್ಮಾಪಕ ಎಂಬ ಮಾತನ್ನು ನಾವು ಕಡಿಮೆ ಬಂಡವಾಳದವನು ಎಂಬ ಅರ್ಥದಲ್ಲಿ ಸಲೀಸಾಗಿ ಬಳಸುತ್ತೇವೆ. ಅಲ್ಲಿ ಅದರ ಬೆಲೆ ಬೇರೆ.

ಟರ್ಕಿಗೆ ಮಾತ್ರ ನಿಲ್ಲಬೇಡಿ ಎಂದೂ ಕೇಳಿಕೊಳ್ಳುತ್ತೇನೆ. ಇರಾನಿನ ಗಡಿಯೂರು ಬಾನೆಯಲ್ಲಿ ಹುಟ್ಟಿದ ಬಹ್ಮನ್ ಘೊಬಾದಿ ಅವರ ಮೊದಲ ಪೂರ್ಣಾವಧಿ ಚಿತ್ರ 2000ದಲ್ಲಿ ಕಾನ್‌ನಲ್ಲಿ ಚೊಚ್ಚಲ ಚಿತ್ರದ ಪ್ರಶಸ್ತಿಯನ್ನು ಹಂಚಿಕೊಂಡಿತು. ತಂದೆತಾಯಿ ಇಲ್ಲದ ಮಕ್ಕಳು ಹಿಮದಲ್ಲಿ ಗಡಿಯಾಚೆಗೆ ಸಾಮಾನು ಸಾಗಿಸುತ್ತಾರೆ. ಚಳಿಗೆ ಹೇಸರಗತ್ತೆಗಳು ಕುಸಿಯದಿರಲೆಂದು ನೀರಿಗೆ ಮದ್ಯ ಬೆರೆಸಿ ಕುಡಿಸುತ್ತಾರೆ. 2004ರ ಅವರ ಮತ್ತೊಂದು ಚಿತ್ರದಲ್ಲಿ ಇರಾಕಿನ ಗಡಿಯ ಶಿಬಿರದ ಮಕ್ಕಳು ನೆಲಬಾಂಬುಗಳನ್ನು ಅಗೆದು ತೆಗೆದು ಮಾರುತ್ತಾರೆ. ಇವನ್ನು ಮರುಕದ ಚಿತ್ರಗಳೆಂದು ದೂರುವವರಿದ್ದಾರೆ. ನಾನು ಹಾಗೆ ನೋಡುವುದಿಲ್ಲ. ಆ ಮಕ್ಕಳು ಚೌಕಾಸಿ ಮಾಡಬಲ್ಲರು, ಅಪಾಯವನ್ನು ಅಳೆಯಬಲ್ಲರು, ಜಗಳವಾಡಬಲ್ಲರು; ನಮ್ಮ ಕಣ್ಣೀರಿಗಾಗಿ ಅವರು ಕಾಯುತ್ತ ಕುಳಿತಿಲ್ಲ.

ಒಂದು ಮಾತು ಬಿಟ್ಟುಹೋಗುವುದು ಬೇಡ. 2022ರ ಮಾರ್ಚಿನಲ್ಲಿ ತಿರುವನಂತಪುರದ ಚಿತ್ರೋತ್ಸವದಲ್ಲಿ ಕುರ್ದ್ ನಿರ್ದೇಶಕಿ ಲಿಸಾ ಚಲಾನ್ ಅವರನ್ನು ಗೌರವಿಸಿದರು. 2015ರ ಜೂನ್‌ನಲ್ಲಿ ದಿಯಾರ್‌ಬಕಿರ್‌ನ ಚುನಾವಣಾ ಸಭೆಯಲ್ಲಿ ಸಿಡಿದ ಬಾಂಬಿಗೆ ಎರಡೂ ಕಾಲುಗಳನ್ನು ಕಳೆದುಕೊಂಡವರು ಅವರು. ಈ ಚಿತ್ರಗಳು ನಮಗೆ ಬಹಳ ದೂರದವೆಂದು ನಿಮ್ಮ ಗುಂಪಿನಲ್ಲಿ ಯಾರಾದರೂ ಹೇಳಿದರೆ, ಅವುಗಳನ್ನು ಮಾಡುವವರು ಒಂದು ರಾತ್ರಿಯ ರೈಲು ಪ್ರಯಾಣದಷ್ಟು ಹತ್ತಿರಕ್ಕೆ ಬಂದು ಹೋಗಿದ್ದಾರೆಂದು ತಿಳಿಸಿ.

ಬಲದಂಡೆ ಕಾಲುವೆ (ಪ್ರಶ್ನೆ ಕೇಳಿದವರು)

ಮೂವರಿಗೂ ಮನಃಪೂರ್ವಕ ಕೃತಜ್ಞತೆಗಳು. ಉತ್ತರಗಳನ್ನು ಆ ಹಿರಿಯರಿಗೆ ಓದಿ ಹೇಳಿದೆ. ಖಾಲಿ ಹಳ್ಳಿ ಮತ್ತು ಲೆಟ್ಯೂಸ್ ಹೊಲದ ಮಾತಿಗೆ ಬಂದಾಗ ಅವರು ನನ್ನನ್ನು ತಡೆದು, ‘ನಮ್ಮವರು ಮಳೆಯಿಲ್ಲದೆ ಗುಳೆ ಹೋಗುತ್ತಾರೆ, ಮಳೆ ಬಂದರೆ ತಿರುಗಿ ಬರುತ್ತಾರೆ, ಇವರಿಗೆ ತಿರುಗಿ ಬರಲು ಊರೇ ಇರಲಿಲ್ಲ’ ಎಂದರು. ನಾನು ಎರಡನ್ನೂ ಒಂದೇ ಪದದಲ್ಲಿ ಹೇಳಿ ಮುಗಿಸಿದ್ದು ಎಷ್ಟು ಅವಸರದ ಕೆಲಸವಾಗಿತ್ತೆಂಬುದು ಆಗ ತಿಳಿಯಿತು.

ಈಗ ಕ್ರಮವನ್ನು ಹೀಗೆ ಇಟ್ಟುಕೊಂಡಿದ್ದೇವೆ. ಮೊದಲ ತಿಂಗಳು ಶಾಲೆಯ ಸಾಕ್ಷ್ಯಚಿತ್ರ, ಎಣಿಕೆಯ ಪಾಠದೊಂದಿಗೆ. ಎರಡನೆಯ ತಿಂಗಳು ‘ಆಖ್’ ತೋರಿಸಿ, ಅದರ ಬೆನ್ನಿಗೇ ಲೆಟ್ಯೂಸ್ ಹೊಲದ ಚಿತ್ರವನ್ನು ಇನ್ನೊಮ್ಮೆ ನೋಡುವುದು. ಮೂರನೆಯ ತಿಂಗಳು ‘ಝೇರ್’. ಘೊಬಾದಿ ಅವರಿಗೆ ಮುಂದಿನ ವರ್ಷ ಬೇರೆಯೇ ಸಮಯ ಕೊಡುತ್ತೇವೆ. ಪ್ರದರ್ಶನಕ್ಕೆ ಅನುಮತಿ ಕೇಳಿ ಚಿತ್ರತಂಡಕ್ಕೆ ನೇರವಾಗಿ ಪತ್ರ ಬರೆಯುವುದೇ ಸರಿಯೇ?

ಉತ್ತರ 4: ಸಂಕಲನದ ಮೇಜು

ಹೌದು, ನೇರವಾಗಿ ಬರೆಯಿರಿ. ನಿಮ್ಮ ಗುಂಪು ಎಷ್ಟು ಸಣ್ಣದು, ಟಿಕೆಟ್ ಇದೆಯೇ ಇಲ್ಲವೇ, ಕನ್ನಡ ಉಪಶೀರ್ಷಿಕೆಯನ್ನು ನೀವೇ ಮಾಡುತ್ತೀರಾ ಎಂಬುದನ್ನು ಸ್ಪಷ್ಟವಾಗಿ ತಿಳಿಸಿ. ಉಪಶೀರ್ಷಿಕೆ ಮುಗಿದ ಮೇಲೆ ಅದರ ಒಂದು ಪ್ರತಿಯನ್ನು ಅವರಿಗೂ ಕಳುಹಿಸಿಕೊಡಿ.

‘ಹಳೆಯ ಟಾಕೀಸು’ ಅವರ ಆಕ್ಷೇಪ ನ್ಯಾಯವಾದದ್ದು. ನಾನು ಹೇಳಿದ್ದು ಭಾಷೆಯನ್ನು ಆಡಲು ಬಿಡದಿದ್ದುದರ ಬಗ್ಗೆ. ಅದನ್ನು ಮರೆಯುವಂತೆ ಮಾಡಿದ್ದೂ ಅದೇ ಕತೆಯ ಮುಂದಿನ ಭಾಗವೆಂಬುದನ್ನು ಬರೆಯದೆ ಬಿಟ್ಟಿದ್ದೆ. ‘ಝೇರ್’ ಕೊನೆಗೆ ಬರುವುದರಿಂದ ನಿಮ್ಮ ಕ್ರಮ ಅದನ್ನೂ ಒಳಗೊಳ್ಳುತ್ತದೆ.

ಆ ಚಿತ್ರದ ಯಾವ ಪ್ರತಿ ನಿಮಗೆ ಸಿಗುತ್ತದೆಂದು ಪತ್ರದಲ್ಲೇ ವಿಚಾರಿಸಿಕೊಳ್ಳಿ. ಕಪ್ಪು ತೆರೆಯ ಪ್ರತಿಯೇ ಬಂದರೆ, ಆ ಜಾಗ ಬಂದಾಗ ಯಂತ್ರ ಕೆಟ್ಟಿತೆಂದು ತಿಳಿದು ಯಾರಾದರೂ ಎದ್ದು ದೀಪ ಹಾಕುವ ಸಂಭವವಿದೆ. ಸ್ವಿಚ್ಚಿನ ಹತ್ತಿರ ಕುಳಿತವರಿಗೆ ಮೊದಲೇ ಹೇಳಿಡಿ. ತೆರೆಯ ಮೇಲಿನ ಆ ಬರಹವನ್ನೂ ಕನ್ನಡಕ್ಕೆ ತನ್ನಿ, ಅದು ಇರುವಷ್ಟು ಹೊತ್ತೂ ಹಾಗೆಯೇ ಇರಲಿ.